ಹೆಸರು ಬದಲಿಸಿಟ್ಟ ಫೈಲು: ಆಟದ ಸೆಟ್ಟಿಂಗ್ಸಿಗೂ ಒಂದು ಇತಿಹಾಸ

ಕಂಪ್ಯೂಟರಿನಲ್ಲಿ ಆಟ ಆಡುವ ಹುಡುಗರಿರುವ ಮನೆಗಳಲ್ಲಿ ಒಂದು ಮನೆಮದ್ದು ಚಾಲ್ತಿಯಲ್ಲಿದೆ. ನಿನ್ನೆಯವರೆಗೆ ಸರಾಗವಾಗಿ ಓಡುತ್ತಿದ್ದ ಆಟ ಇವತ್ತು ಕುಂಟುತ್ತಿದೆ, ಚಿತ್ರ ತಡೆತಡೆದು ಬರುತ್ತಿದೆ, ಮೌಸ್ ಒಂದು ಕಡೆ ಎಳೆದರೆ ನೋಟ ಇನ್ನೊಂದು ಕಡೆ ಜಾರುತ್ತಿದೆ ಎಂದಿಟ್ಟುಕೊಳ್ಳಿ. ಆಗ ಆ ಆಟ ತನ್ನ ಸೆಟ್ಟಿಂಗ್ಸ್ ಬರೆದಿಟ್ಟುಕೊಂಡಿರುವ ಫೈಲನ್ನು ಹುಡುಕಿ ಅಳಿಸಿಬಿಡಬೇಕು. ಆಟವನ್ನು ಮತ್ತೆ ಶುರು ಮಾಡಿದರೆ ಅದು ಹೊಸ ಫೈಲೊಂದನ್ನು ತಾನೇ ಬರೆದುಕೊಳ್ಳುತ್ತದೆ. ಬಹಳ ಸಲ ರೋಗ ಅಲ್ಲಿಗೇ ವಾಸಿ.

ಶುಂಠಿ ಕಷಾಯ ಕುಡಿಯುವವರು ಅದು ಹೇಗೆ ಕೆಲಸ ಮಾಡುತ್ತದೆ ಅಂತ ಕೇಳುವುದಿಲ್ಲ. ಇದೂ ಹಾಗೆಯೇ. ಹುಡುಗರು ಒಬ್ಬರಿಂದೊಬ್ಬರು ಕಲಿತು ಮಾಡುತ್ತಾರೆ, ಕಾರಣ ಕೇಳಿದರೆ "ಫೈಲ್ ಕರಪ್ಟ್ ಆಗಿತ್ತು ಅಂಕಲ್" ಅನ್ನುತ್ತಾರೆ. ಕರಪ್ಟ್ ಅನ್ನುವ ಮಾತು ನಮ್ಮ ದೇಶದಲ್ಲಿ ಎಲ್ಲದಕ್ಕೂ ಸಲ್ಲುತ್ತದೆ, ನಿಜ. ಆದರೆ ಈ ಮದ್ದಿಗೆ ಒಂದು ವಂಶಾವಳಿ ಇದೆ. ಅದನ್ನು ಹಿಂಬಾಲಿಸಿ ಹೋದರೆ ಒಂದು ಪ್ರಶ್ನೆ ಮತ್ತೆ ಮತ್ತೆ ಎದುರಾಗುತ್ತದೆ: ಯಂತ್ರದಲ್ಲಿ ಕೊನೆಯ ಮಾತು ಯಾರದ್ದು? ಮಾಡಿಕೊಟ್ಟವನದ್ದೋ, ಕೊಂಡು ಬಳಸುವವನದ್ದೋ? ಮುಂಬಯಿಯಲ್ಲಿ ಕೂತು ಮೂವತ್ತು ಚಿಲ್ಲರೆ ವರ್ಷ ಈ ಯಂತ್ರಗಳ ಜೊತೆ ಹೊಟ್ಟೆ ಹೊರೆದವನು ನಾನು. ನನಗೆ ಇದು ಬರೀ ಆಟದ ಮಾತಾಗಿ ಕಾಣುವುದಿಲ್ಲ. ಆರು ಸಾವಿರ ರೂಪಾಯಿಯ ಹೊಸ ಕಾರ್ಡು ಕೊಳ್ಳಬೇಕೇ ಬೇಡವೇ ಎಂಬುದು ಎಷ್ಟೋ ಮನೆಗಳಲ್ಲಿ ಈ ಒಂದು ಫೈಲಿನ ಮೇಲೆ ನಿಂತಿರುತ್ತದೆ.

ಮೂಲಕ್ಕೆ ಹೋಗೋಣ. 1960ರ ದಶಕದ ಮೊದಲ ಭಾಗ. ಅಮೆರಿಕದ ಎಂಐಟಿಯಲ್ಲಿ ಸಿಟಿಎಸ್‌ಎಸ್ ಎಂಬ ವ್ಯವಸ್ಥೆ ಇತ್ತು. ಒಂದೇ ದೊಡ್ಡ ಯಂತ್ರವನ್ನು ಹತ್ತಾರು ಮಂದಿ ಏಕಕಾಲಕ್ಕೆ ಬಳಸುವ ಏರ್ಪಾಡು. ಅಲ್ಲಿದ್ದ ಫ್ರೆಂಚ್ ತಜ್ಞ ಲೂಯಿ ಪೂಜಾಂ 'ರನ್‌ಕಮ್' ಎಂಬ ಪ್ರೋಗ್ರಾಮು ಬರೆದರು. ದಿನಾ ಟೈಪ್ ಮಾಡುವ ಆಜ್ಞೆಗಳನ್ನು ಒಂದು ಫೈಲಿನಲ್ಲಿ ಸಾಲಾಗಿ ಬರೆದಿಟ್ಟರೆ ಯಂತ್ರ ಅವನ್ನು ಒಂದೊಂದಾಗಿ ಓದಿ ಮಾಡುತ್ತಾ ಹೋಗುತ್ತದೆ. ರನ್ ಕಮಾಂಡ್ಸ್ ಎಂಬುದರ ಮೊಟಕು ರೂಪ ಅದು. ಮುಂದೆ ಬೆಲ್ ಲ್ಯಾಬ್ಸಿನಲ್ಲಿ ಯುನಿಕ್ಸ್ ಹುಟ್ಟಿದಾಗ ಆ ಹೆಸರಿನ ಎರಡೇ ಅಕ್ಷರ ಉಳಿದು 'ಆರ್‌ಸಿ' ಆಯಿತು. ಪ್ರೋಗ್ರಾಮು ಶುರುವಾಗುವಾಗ ಓದಬೇಕಾದ ಫೈಲುಗಳ ಹೆಸರಿನ ತುದಿಗೆ ಇವತ್ತಿಗೂ ಆ ಬಾಲ ಅಂಟಿಕೊಂಡಿದೆ. ಈ ಎರಡಕ್ಷರವನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಯುನಿಕ್ಸಿನಲ್ಲಿ ಇಂಥ ಸೆಟ್ಟಿಂಗ್ಸ್ ಫೈಲುಗಳ ಹೆಸರು ಚುಕ್ಕಿಯಿಂದ ಶುರುವಾಗುತ್ತದೆ. ಹಾಗೆ ಶುರುವಾದ ಫೈಲುಗಳು ಪಟ್ಟಿಯಲ್ಲಿ ಕಾಣುವುದಿಲ್ಲ. ಇದು ಯಾರೋ ಜಾಣರು ಕೂತು ಯೋಚಿಸಿ ಮಾಡಿದ ವ್ಯವಸ್ಥೆ ಅಂತ ನೀವು ಅಂದುಕೊಂಡಿರಬಹುದು. ಅಲ್ಲ. ಬೆಲ್ ಲ್ಯಾಬ್ಸಿನಲ್ಲೇ ಕೆಲಸ ಮಾಡಿದ ರಾಬ್ ಪೈಕ್ 2012ರಲ್ಲಿ ಇದರ ಕಥೆ ಬರೆದರು. ಪ್ರತಿ ಡೈರೆಕ್ಟರಿಯಲ್ಲೂ ಇರುವ ಒಂದು ಚುಕ್ಕಿ, ಎರಡು ಚುಕ್ಕಿ ಎಂಬ ಎರಡು ನಮೂದುಗಳನ್ನು ಪಟ್ಟಿಯಿಂದ ಬಿಡಬೇಕಿತ್ತಂತೆ. ಪೂರ್ತಿ ಹೆಸರು ನೋಡುವ ಬದಲು ಮೊದಲ ಅಕ್ಷರ ಚುಕ್ಕಿಯೇ ಅಂತಷ್ಟೇ ನೋಡುವ ಅಡ್ಡದಾರಿ ಹಿಡಿದರು. ಆ ಅಡ್ಡದಾರಿಯಿಂದಾಗಿ ಚುಕ್ಕಿಯಿಂದ ಶುರುವಾಗುವ ಎಲ್ಲ ಫೈಲುಗಳೂ ಮರೆಯಾದವು. ಜನ ಅದನ್ನೇ ಸವಲತ್ತು ಮಾಡಿಕೊಂಡು ಸೆಟ್ಟಿಂಗ್ಸನ್ನೆಲ್ಲ ಅಲ್ಲಿ ತುಂಬಿದರು. ಬಳಕೆದಾರನ ಕಣ್ಣಿಗೆ ಬೀಳದ ಕಡೆ ಬಳಕೆದಾರನದೇ ಫೈಲು ಇಡುವ ಅಭ್ಯಾಸ ಹೀಗೆ ಶುರುವಾಯಿತು.

ನಮ್ಮಲ್ಲಿ ಹೆಚ್ಚಿನವರಿಗೆ ಪರಿಚಯವಾದದ್ದು ಯುನಿಕ್ಸ್ ಅಲ್ಲ, ಡಾಸ್. 1983ರಲ್ಲಿ ಬಂದ ಎಂಎಸ್ ಡಾಸ್ 2.0 ಜೊತೆ 'ಕಾನ್ಫಿಗ್.ಸಿಸ್' ಎಂಬ ಫೈಲು ಬಂತು. ಯಂತ್ರ ಏಳುವಾಗ ಮೊದಲು ಅದನ್ನು ಓದುತ್ತಿತ್ತು, ಆಮೇಲೆ 'ಆಟೋಎಕ್ಸೆಕ್.ಬ್ಯಾಟ್' ಓದುತ್ತಿತ್ತು. ತೊಂಬತ್ತರ ದಶಕದ ಆರಂಭದಲ್ಲಿ ಕಂಪ್ಯೂಟರ್ ಕ್ಲಾಸಿಗೆ ಹೋದವರಿಗೆ ಈ ಎರಡು ಹೆಸರು ಬಾಯಿಪಾಠ ಆಗಿರುತ್ತವೆ.

ಆಟಗಳಿಗೂ ಇವಕ್ಕೂ ಏನು ಸಂಬಂಧ? ಮೆಮೊರಿ. 1981ರ ಐಬಿಎಂ ಪಿಸಿಯ 8088 ಚಿಪ್ಪು ಒಟ್ಟು 1 ಎಂಬಿ ವಿಳಾಸಗಳನ್ನಷ್ಟೇ ಬಲ್ಲದು. ಅದರಲ್ಲಿ ಮೇಲಿನ 384 ಕೆಬಿಯನ್ನು ತೆರೆ, ರಾಮ್ ಚಿಪ್ಪು ಮುಂತಾದವಕ್ಕೆ ಮೀಸಲಿಟ್ಟು ಕೆಳಗಿನ 640 ಕೆಬಿಯನ್ನು ಪ್ರೋಗ್ರಾಮುಗಳಿಗೆ ಬಿಟ್ಟರು. ಮುಂದೆ 4 ಎಂಬಿ, 8 ಎಂಬಿ ಇರುವ ಯಂತ್ರಗಳು ಬಂದರೂ ಡಾಸ್ ಮಾತ್ರ ಆ 640ರ ಚೌಕಟ್ಟಿನಲ್ಲೇ ಉಳಿಯಿತು. ಮೌಸಿನ ಡ್ರೈವರ್, ಸಿಡಿಯ ಡ್ರೈವರ್, ಸೌಂಡ್ ಕಾರ್ಡಿನದ್ದು ಎಲ್ಲವೂ ಅಲ್ಲೇ ಕೂತರೆ ಆಟಕ್ಕೆ ಜಾಗ ಎಲ್ಲಿ? ವಿರಾರ್ ಫಾಸ್ಟಿನಲ್ಲಿ ನಾಲ್ಕನೇ ಸೀಟು ಹುಡುಕಿದ ಹಾಗೆ ಹುಡುಗರು ಒಂದೊಂದು ಕೆಬಿಗೂ ಹೆಣಗುತ್ತಿದ್ದರು. 1991ರಲ್ಲಿ ಬಂದ ಡಾಸ್ 5 ಕೆಲವು ಡ್ರೈವರುಗಳನ್ನು ಮೇಲಿನ ಜಾಗಕ್ಕೆ ಸಾಗಿಸುವ ದಾರಿ ತೋರಿಸಿತು. ಆದರೆ ಯಾವುದನ್ನು ಸಾಗಿಸಬೇಕು ಅಂತ ಕಾನ್ಫಿಗ್.ಸಿಸ್‌ನಲ್ಲಿ ಸಾಲು ಸಾಲಾಗಿ ಬರೆಯಬೇಕಾದವನು ನೀವೇ.

ಅಂದರೆ ಆಗ ಆಟಕ್ಕೆಂದು ತಿದ್ದುತ್ತಿದ್ದದ್ದು ಇಡೀ ಯಂತ್ರದ ಫೈಲನ್ನು. ಅಪ್ಪನ ಆಫೀಸಿನ ಕೆಲಸವೂ ಮಗನ ಆಟವೂ ಒಂದೇ ಫೈಲಿನ ಅಧೀನ. ಆಟಕ್ಕಾಗಿ ಒಂದು ಸಾಲು ತೆಗೆದರೆ ಮರುದಿನ ಪ್ರಿಂಟರ್ ಸುಮ್ಮನಾಗಬಹುದು. ಹಳೆಯ ಸೌಂಡ್ ಬ್ಲಾಸ್ಟರ್ ಕಾರ್ಡುಗಳೂ ಪ್ರಿಂಟರಿನ ಪೋರ್ಟೂ ಒಂದೇ 7ನೇ ಇಂಟರಪ್ಟಿಗೆ ಕೈ ಹಾಕಿ ಜಗಳಕ್ಕೆ ಬೀಳುತ್ತಿದ್ದದ್ದು ಹಳಬರಿಗೆ ಗೊತ್ತು. ಅದಕ್ಕೇ ಬುದ್ಧಿವಂತರು ಆಟಕ್ಕೆಂದೇ ಬೇರೆ ಬೂಟ್ ಫ್ಲಾಪಿ ಇಟ್ಟುಕೊಳ್ಳುತ್ತಿದ್ದರು. ಫ್ಲಾಪಿ ಹಾಕಿ ಎಬ್ಬಿಸಿದರೆ ಯಂತ್ರ ಆಟದ್ದು, ತೆಗೆದು ಎಬ್ಬಿಸಿದರೆ ಆಫೀಸಿನದ್ದು. 1993ರ ಡಾಸ್ 6ರಲ್ಲಿ ಒಂದು ಸಣ್ಣ ಸೌಕರ್ಯ ಬಂತು: ಯಂತ್ರ ಏಳುವಾಗ ಎಫ್5 ಒತ್ತಿದರೆ ಈ ಎರಡೂ ಫೈಲುಗಳನ್ನು ಓದದೆ ಮುಂದೆ ಹೋಗುತ್ತದೆ. ಎಫ್8 ಒತ್ತಿದರೆ ಒಂದೊಂದು ಸಾಲಿಗೂ "ಮಾಡಲೇ?" ಎಂದು ಕೇಳುತ್ತದೆ. ನಿಮ್ಮ ಬರಹವನ್ನು ಅಳಿಸದೆ, ಒಂದು ಸಲದ ಮಟ್ಟಿಗೆ ಪಕ್ಕಕ್ಕಿಟ್ಟು ನೋಡುವ ವ್ಯವಸ್ಥೆ. ನನ್ನ ದೃಷ್ಟಿಯಲ್ಲಿ ಇವತ್ತಿನ ಮನೆಮದ್ದಿಗಿಂತ ಇದು ಹೆಚ್ಚು ಸಭ್ಯವಾದದ್ದು.

ಅದೇ 1993ರ ಡಿಸೆಂಬರ್ 10ರಂದು ಡೂಮ್ ಹೊರಬಂತು. ಐಡಿ ಸಾಫ್ಟ್‌ವೇರ್ ಎಂಬ ಪುಟ್ಟ ಕಂಪನಿಯ ಆಟ. ಅದು ಡಾಸಿನ 640 ಕೆಬಿಯ ಗೋಡೆಯನ್ನು ಡಾಸ್ ಎಕ್ಸ್‌ಟೆಂಡರ್ ಎಂಬ ಏಣಿ ಹಾಕಿ ದಾಟಿತು. ಓಡಲು 386 ಚಿಪ್ಪು, 4 ಎಂಬಿ ಮೆಮೊರಿ ಇದ್ದರೆ ಸಾಕು. ಆದರೆ 386ರಲ್ಲಿ ಓಡುವುದಕ್ಕೂ ಚೆನ್ನಾಗಿ ಓಡುವುದಕ್ಕೂ ಬಹಳ ಅಂತರ. ಅದಕ್ಕೆ ಡೂಮ್ ಎರಡು ಉಪಾಯ ಕೊಟ್ಟಿತ್ತು. ಚಿತ್ರದ ಚೌಕಟ್ಟನ್ನು ಮೈನಸ್ ಕೀಲಿ ಒತ್ತಿ ಕಿರಿದು ಮಾಡಬಹುದು. ಅಂಚುಕಟ್ಟಿನ ನಡುವೆ ಅಂಚೆಕಾರ್ಡಿನಷ್ಟು ಕಿಟಕಿಯಲ್ಲಿ ಆಟ. ಇಲ್ಲವೇ ಎಫ್5 ಒತ್ತಿ ವಿವರ ಕಡಿಮೆ ಮಾಡಬಹುದು. ಆಗ ಆಟ ಅರ್ಧದಷ್ಟೇ ಕಂಬಸಾಲುಗಳನ್ನು ಲೆಕ್ಕ ಹಾಕಿ ಪ್ರತಿಯೊಂದನ್ನೂ ಎರಡೆರಡು ಸಲ ಬಳಿಯುತ್ತದೆ. ಈ ಎರಡೂ ಆಯ್ಕೆಗಳು 'ಡಿಫಾಲ್ಟ್.ಸಿಎಫ್‌ಜಿ' ಎಂಬ ಸಾದಾ ಅಕ್ಷರದ ಫೈಲಿನಲ್ಲಿ ಉಳಿಯುತ್ತಿದ್ದವು. 'ಸ್ಕ್ರೀನ್‌ಬ್ಲಾಕ್ಸ್' ಎಂಬ ಹೆಸರಿನ ಮುಂದೆ 3ರಿಂದ 11ರವರೆಗಿನ ಒಂದು ಅಂಕಿ. ಅಷ್ಟೇ.

1997ರ ಡಿಸೆಂಬರಿನಲ್ಲಿ ಐಡಿ ಕಂಪನಿ ಡೂಮಿನ ಮೂಲ ಕೋಡನ್ನೇ ಬಹಿರಂಗ ಮಾಡಿತು. ನಮ್ಮ ಮನೆಮದ್ದು ಯಾಕೆ ಕೆಲಸ ಮಾಡುತ್ತದೆ ಎಂಬುದಕ್ಕೆ ಉತ್ತರ ಅದರಲ್ಲಿದೆ. ಆಟ ಶುರುವಾದಾಗ ಸೆಟ್ಟಿಂಗ್ಸ್ ಓದುವ ಭಾಗ ಮೊದಲು ಪ್ರತಿಯೊಂದು ಆಯ್ಕೆಗೂ ಕೋಡಿನಲ್ಲೇ ಬರೆದಿಟ್ಟಿರುವ ಮೂಲ ಬೆಲೆಯನ್ನು ತುಂಬುತ್ತದೆ. ಆಮೇಲೆ ಫೈಲು ಇದೆಯೇ ಅಂತ ನೋಡುತ್ತದೆ. ಇದ್ದರೆ ಒಂದೊಂದೇ ಸಾಲು ಓದಿ, ಹೆಸರು ಹೊಂದಿದ ಕಡೆ ಮೂಲ ಬೆಲೆಯ ಮೇಲೆ ಹೊಸ ಬೆಲೆ ಬರೆಯುತ್ತದೆ. ಇಲ್ಲದಿದ್ದರೆ ಗಲಾಟೆ ಮಾಡುವುದಿಲ್ಲ, ಮೂಲ ಬೆಲೆಯಲ್ಲೇ ಮುಂದೆ ಹೋಗುತ್ತದೆ. ಆಟ ಮುಗಿದು ಹೊರಬರುವಾಗ ಆ ಕ್ಷಣದಲ್ಲಿರುವ ಎಲ್ಲ ಬೆಲೆಗಳನ್ನೂ ಫೈಲಿಗೆ ಬರೆಯುತ್ತದೆ. ಹಾಗಾಗಿ ಫೈಲು ಅಳಿಸಿದರೆ ಏನೂ ಮುರಿಯುವುದಿಲ್ಲ. ನೀವು ಹೇಳಿದ್ದನ್ನೆಲ್ಲ ಮರೆತು, ಮಾಡಿದವರು ಹೇಳಿದ್ದರಿಂದ ಅದು ಮತ್ತೆ ಶುರು ಮಾಡುತ್ತದೆ.

ಇಷ್ಟು ಸರಳವಾದ ಕ್ರಮ ಇವತ್ತಿನ ಆಟಗಳಲ್ಲೂ ಹೆಚ್ಚುಕಡಿಮೆ ಹಾಗೆಯೇ ಉಳಿದಿದೆ. ಮೈನ್‌ಕ್ರಾಫ್ಟಿನ 'ಆಪ್ಷನ್ಸ್.ಟಿಎಕ್ಸ್‌ಟಿ' ಅಳಿಸಿ ನೋಡಿ, ಅದೇ ಆಟ, ಅದೇ ಮರುಹುಟ್ಟು.

1996ರ ಜೂನಿನಲ್ಲಿ ಅದೇ ಕಂಪನಿಯ ಕ್ವೇಕ್ ಬಂದಾಗ ಕಥೆ ಇನ್ನೊಂದು ತಿರುವು ತೆಗೆದುಕೊಂಡಿತು. ಕ್ವೇಕ್ ಶುರುವಾಗುವಾಗ ಓದುವ ಫೈಲಿನ ಹೆಸರು 'ಕ್ವೇಕ್.ಆರ್‌ಸಿ'. ನೆನಪಿಟ್ಟುಕೊಳ್ಳಿ ಅಂದಿದ್ದೆನಲ್ಲ ಆ ಎರಡಕ್ಷರ, ಎಂಐಟಿಯಿಂದ ಹೊರಟು ಮೂವತ್ತು ವರ್ಷದ ಮೇಲೆ ರಾಕ್ಷಸರನ್ನು ಕೊಲ್ಲುವ ಆಟದ ಬಾಗಿಲಲ್ಲಿ ಬಂದು ನಿಂತಿತು. ಅದರೊಳಗಿನ ಆಜ್ಞೆ ಹೀಗೆ: ಮೊದಲು ಡಿಫಾಲ್ಟ್.ಸಿಎಫ್‌ಜಿ ಓದು, ಆಮೇಲೆ ಕಾನ್ಫಿಗ್.ಸಿಎಫ್‌ಜಿ ಓದು, ಕೊನೆಗೆ ಆಟೋಎಕ್ಸೆಕ್.ಸಿಎಫ್‌ಜಿ ಓದು. ಮೊದಲನೆಯದು ಮಾಡಿದವರದ್ದು, ಆಟದ ಪೆಟ್ಟಿಗೆಯೊಳಗೆ ಭದ್ರ. ಎರಡನೆಯದು ಯಂತ್ರದ್ದು, ಆಟದಿಂದ ಹೊರಬರುವಾಗಲೆಲ್ಲ ಅದು ತಾನೇ ಬರೆಯುತ್ತದೆ. ಮೂರನೆಯದು ಆಟಗಾರನದ್ದು, ಅದನ್ನು ಆಟ ಓದುತ್ತದೆಯೇ ಹೊರತು ಎಂದೂ ಬರೆಯುವುದಿಲ್ಲ. ಕೊನೆಗೆ ಓದಿದ್ದೇ ನಿಲ್ಲುವುದರಿಂದ ಕೊನೆಯ ಮಾತು ಆಟಗಾರನದ್ದು.

ಇದರಲ್ಲಿ ಒಂದು ದೊಡ್ಡ ವಿವೇಕ ಇದೆ. ಯಂತ್ರ ಬರೆದ ಫೈಲು ಹಾಳಾದರೆ ಅಳಿಸಿ, ನಿಮ್ಮ ಕೈಬರಹಕ್ಕೆ ಧಕ್ಕೆ ಇಲ್ಲ. ತಿರುಗಿಸಿ ನೋಡಿದರೆ ಮದ್ದು ಕೆಲವೊಮ್ಮೆ ನಾಟದಿರುವುದಕ್ಕೂ ಇದೇ ಕಾರಣ. ಕಾನ್ಫಿಗ್ ಅಳಿಸಿದರೂ ತೊಂದರೆ ಕೊಡುವ ಸಾಲು ಆಟೋಎಕ್ಸೆಕ್‌ನಲ್ಲಿ ಇದ್ದರೆ ರೋಗ ಮರುದಿನ ಮತ್ತೆ ಹಾಜರ್. 1999ರ ಕ್ವೇಕ್ 3ರಲ್ಲಿ 'ಸೇಫ್' ಎಂಬ ಪದ ಸೇರಿಸಿ ಆಟ ಶುರು ಮಾಡುವ ಸೌಲಭ್ಯ ಇತ್ತು. ಅದೂ ಯಂತ್ರದ ಫೈಲನ್ನು ಮಾತ್ರ ಬಿಡುತ್ತಿತ್ತು, ಆಟಗಾರನದ್ದನ್ನು ಓದಿಯೇ ಓದುತ್ತಿತ್ತು.

ಆಟಗಾರನ ಆ ಫೈಲು ಬರುಬರುತ್ತಾ ಒಂದು ಆಸ್ತಿಯೇ ಆಯಿತು. ಕ್ವೇಕ್ 3ರಲ್ಲಿ ಸೆಕೆಂಡಿಗೆ ಇಷ್ಟೇ ಚಿತ್ರ ಎಂದು ಕಟ್ಟಿಹಾಕುವ ಒಂದು ಆಯ್ಕೆಗೆ ಮಾಡಿದವರು ಕೊಟ್ಟ ಮೂಲ ಬೆಲೆ 85. ಪಳಗಿದವರು ಅದನ್ನು 125 ಮಾಡಿಕೊಳ್ಳುತ್ತಿದ್ದರು. ಆಟ ಪ್ರತಿ ಚಿತ್ರಕ್ಕೂ ವೇಗವನ್ನು ಪೂರ್ಣಾಂಕಕ್ಕೆ ಹೊಂದಿಸುತ್ತಿದ್ದರಿಂದ 125ರಲ್ಲಿ ಆ ಹೊಂದಾಣಿಕೆ ಆಟಗಾರನ ಪರವಾಗಿ ಬಂದು ಜಿಗಿತ ಸ್ವಲ್ಪ ಎತ್ತರವಾಗುತ್ತಿತ್ತು! ಅಂಥವನ ಫೈಲು ಅಳಿಸಿದರೆ ಅವನಿಗೆ ಆಗುವ ಸಂಕಟ, ಯಕ್ಷಗಾನದ ಭಾಗವತರ ತಾಳ ಕಸಿದುಕೊಂಡ ಹಾಗೆ.

ಇತ್ತ ವಿಂಡೋಸಿನ ಕಥೆ ಬೇರೆ. ಮೊದಲಿನಿಂದಲೂ ಅಲ್ಲಿ 'ಇನಿ' ಎಂಬ ಬಾಲದ ಫೈಲುಗಳಿದ್ದವು. ಚೌಕ ಕಂಸದಲ್ಲಿ ವಿಭಾಗದ ಹೆಸರು, ಕೆಳಗೆ ಹೆಸರು ಸಮ ಬೆಲೆ. ನೋಟ್‌ಪ್ಯಾಡಿನಲ್ಲಿ ತೆರೆದರೆ ಯಾರೂ ಓದಬಹುದು. ಪ್ರತಿಯೊಂದು ಪ್ರೋಗ್ರಾಮೂ ತನ್ನದೊಂದು ಫೈಲು ಎಲ್ಲೆಂದರಲ್ಲಿ ಎಸೆದು ಹೋಗುತ್ತಿದ್ದರಿಂದ ಮೈಕ್ರೋಸಾಫ್ಟಿನವರು 1995ರ ಆಗಸ್ಟಿನಲ್ಲಿ ಬಂದ ವಿಂಡೋಸ್ 95ರಲ್ಲಿ ಎಲ್ಲವನ್ನೂ ರಿಜಿಸ್ಟ್ರಿ ಎಂಬ ಒಂದೇ ಉಗ್ರಾಣಕ್ಕೆ ತುಂಬುವ ದಾರಿ ಹಿಡಿದರು. ಅಚ್ಚುಕಟ್ಟು ಬಂತು, ಆದರೆ ಸಾಮಾನ್ಯನ ಕೈಗೆ ಎಟುಕುವುದು ತಪ್ಪಿತು. ಒಂದು ಫೈಲು ಅಳಿಸುವ ಧೈರ್ಯ ಯಾರಿಗಾದರೂ ಬರುತ್ತದೆ. ಇಡೀ ಯಂತ್ರದ ಉಗ್ರಾಣಕ್ಕೆ ನುಗ್ಗಿ ಒಂದು ಡಬ್ಬಿ ತೆಗೆಯುವ ಧೈರ್ಯ ಎಲ್ಲರಿಗೂ ಬರುವುದಿಲ್ಲ.

ಆಟ ಮಾಡುವವರಲ್ಲಿ ಬಹಳ ಮಂದಿ ಇನಿ ಫೈಲನ್ನು ಬಿಡಲಿಲ್ಲ. 1999ರ ಅನ್‌ರಿಯಲ್ ಟೂರ್ನಮೆಂಟ್ ಇದಕ್ಕೆ ಒಳ್ಳೆಯ ಮಾದರಿ. ಅದರ ಫೋಲ್ಡರಿನಲ್ಲಿ 'ಡಿಫಾಲ್ಟ್.ಇನಿ' ಎಂಬ ಮೂಲ ಪ್ರತಿ ಇರುತ್ತದೆ. ಆಟದ ಹೆಸರಿನದೇ ಇನಿ ಫೈಲು ಕಾಣದಿದ್ದರೆ ಮೂಲ ಪ್ರತಿಯಿಂದ ಹೊಸದೊಂದನ್ನು ನಕಲು ತೆಗೆದುಕೊಳ್ಳುತ್ತದೆ. ಕೀಲಿಗಳ ಆಯ್ಕೆ ಮಾತ್ರ ಬೇರೆ ಫೈಲಿನಲ್ಲಿ. ತೆರೆಯ ಸೆಟ್ಟಿಂಗ್ಸ್ ಅಳಿಸಿದರೂ ಬೆರಳುಗಳಿಗೆ ರೂಢಿಯಾದ ಕೀಲಿಗಳು ಉಳಿಯುತ್ತವೆ.

ಇನ್ನು ನಮ್ಮ ಊರುಗಳಿಗೆ ಬರೋಣ. ಎರಡು ಸಾವಿರದ ದಶಕದ ಮೊದಲ ಭಾಗದಲ್ಲಿ ಮನೆಗೆ ಕಂಪ್ಯೂಟರ್ ತಂದವರು ಎಲ್ಲಿಗೆ ಹೋದರು ಅಂತ ನಿಮಗೆ ಗೊತ್ತು. ಮುಂಬಯಿಯವರಾದರೆ ಲ್ಯಾಮಿಂಗ್ಟನ್ ರೋಡ್, ದಿಲ್ಲಿಯವರಾದರೆ ನೆಹರೂ ಪ್ಲೇಸ್, ಚೆನ್ನೈಯವರಾದರೆ ರಿಚಿ ಸ್ಟ್ರೀಟ್, ಹೈದರಾಬಾದಿನವರಾದರೆ ಸಿಕಂದರಾಬಾದಿನ ಚೆನಾಯ್ ಟ್ರೇಡ್ ಸೆಂಟರ್, ಊರಲ್ಲೇ ಉಳಿದ ತಮ್ಮಂದಿರಾದರೆ ಬೆಂಗಳೂರಿನ ಎಸ್.ಪಿ. ರೋಡ್. ಬಿಡಿಬಿಡಿ ಭಾಗ ಕೊಂಡು ಜೋಡಿಸಿಕೊಂಡ ಯಂತ್ರ. ಗ್ರಾಫಿಕ್ಸ್ ಕಾರ್ಡ್ ಎಂಬುದು ಹೆಚ್ಚಿನ ಮನೆಗಳಲ್ಲಿ ಇರಲೇ ಇಲ್ಲ, ಮದರ್‌ಬೋರ್ಡಿನಲ್ಲೇ ಇದ್ದದ್ದೇ ಗತಿ. ಅಂಥ ಯಂತ್ರದಲ್ಲಿ 2003ರಲ್ಲಿ ಪಿಸಿಗೆ ಬಂದ ವೈಸ್ ಸಿಟಿಯಂಥ ಆಟ ಓಡಬೇಕಾದರೆ ಸೆಟ್ಟಿಂಗ್ಸ್ ಇಳಿಸದೆ ಬೇರೆ ದಾರಿ ಇರಲಿಲ್ಲ. ಹೊರದೇಶದ ಹುಡುಗರಿಗೆ ಸೆಟ್ಟಿಂಗ್ಸ್ ಚೆಂದಕ್ಕೆ, ನಮ್ಮ ಹುಡುಗರಿಗೆ ಆಟ ಓಡುವುದಕ್ಕೆ.

ಆ ವೈಸ್ ಸಿಟಿ ತನ್ನ ಸೆಟ್ಟಿಂಗ್ಸನ್ನು ಮೈ ಡಾಕ್ಯುಮೆಂಟ್ಸ್ ಒಳಗೆ 'ಜಿಟಿಎ_ವಿಸಿ.ಸೆಟ್' ಎಂಬ ಫೈಲಿನಲ್ಲಿ ಇಡುತ್ತಿತ್ತು. ತೆರೆದರೆ ಅಕ್ಷರ ಕಾಣುವುದಿಲ್ಲ, ಬರೀ ಗೀಚು. ತಿದ್ದಲು ಬರುವುದಿಲ್ಲ, ಅಳಿಸಲಷ್ಟೇ ಬರುತ್ತದೆ. ಆಟ ತೊಂದರೆ ಕೊಟ್ಟರೆ ಹುಡುಗರು ಪೂರ್ತಿ ಆಟವನ್ನೇ ತೆಗೆದು, ಸಿಡಿ ಹಾಕಿ, ಅರ್ಧ ಗಂಟೆ ಕಾದು ಮತ್ತೆ ಇನ್‌ಸ್ಟಾಲ್ ಮಾಡುತ್ತಿದ್ದರು. ತೊಂದರೆ ಹಾಗೇ ಇರುತ್ತಿತ್ತು! ಆಟದ ಫೋಲ್ಡರ್ ಹೋದರೂ ಡಾಕ್ಯುಮೆಂಟ್ಸಿನಲ್ಲಿದ್ದ ಆ ಪುಟ್ಟ ಫೈಲು ಅಲ್ಲೇ ಕೂತಿರುತ್ತಿತ್ತಲ್ಲ. ಬಾಡಿಗೆ ಮನೆ ಬದಲಿಸಿದರೂ ಹಿಂದೆಯೇ ಬರುವ ಸಾಲಗಾರನ ಹಾಗೆ.

ಸೈಬರ್ ಕೆಫೆಗಳಲ್ಲಿ ಇನ್ನೊಂದು ರೀತಿಯ ಪಾಡು. 2003ರ ಕೌಂಟರ್ ಸ್ಟ್ರೈಕ್ 1.6 ಆಡಲು ಗಂಟೆಗಿಷ್ಟು ಅಂತ ಕೊಟ್ಟು ಸಾಲಾಗಿ ಕೂತ ಹುಡುಗರನ್ನು ನೋಡಿದ್ದೀರಿ. ಒಬ್ಬ ಎದ್ದು ಹೋದರೆ ಅವನ ಮೌಸಿನ ವೇಗ, ಅವನ ಕೀಲಿಗಳು ಮುಂದಿನವನ ತಲೆಗೆ. ಕಾನ್ಫಿಗ್ ಫೈಲನ್ನು 'ಓದಲು ಮಾತ್ರ' ಎಂದು ಗುರುತು ಹಾಕಿ ಯಾರೂ ಬದಲಿಸದಂತೆ ಮಾಡುವುದು ಒಂದು ಉಪಾಯ. ಡೀಪ್ ಫ್ರೀಜ್ ಎಂಬ ತಂತ್ರಾಂಶ ಹಾಕಿ, ಯಂತ್ರ ಮತ್ತೆ ಎದ್ದಾಗಲೆಲ್ಲ ಎಲ್ಲವೂ ಮೊದಲಿನ ಸ್ಥಿತಿಗೆ ಬರುವಂತೆ ಮಾಡುವುದು ಇನ್ನೊಂದು. ದಿನಕ್ಕೆ ಹತ್ತು ಸಲ ಮರುಹುಟ್ಟು.

ಫೈಲು ನಿಜವಾಗಿ ಕರಪ್ಟ್ ಆಗುವುದೂ ಉಂಟು. ಅದಕ್ಕೆ ನಮ್ಮಲ್ಲಿ ಮುಖ್ಯ ಕಾರಣ ಕರೆಂಟು. ಡೊಂಬಿವಲಿ, ಕಲ್ಯಾಣದ ಕಡೆ ಇದ್ದವರಿಗೆ ಆ ವರ್ಷಗಳ ಲೋಡ್ ಶೆಡ್ಡಿಂಗ್ ನೆನಪಿರಬೇಕು. ಸಾಮಾನ್ಯವಾಗಿ ಪ್ರೋಗ್ರಾಮು ಒಂದು ಫೈಲನ್ನು ಹೊಸದಾಗಿ ಬರೆಯುವುದು ಹೇಗೆಂದರೆ, ಮೊದಲು ಇದ್ದದ್ದನ್ನು ಖಾಲಿ ಮಾಡುತ್ತದೆ, ಆಮೇಲೆ ಹೊಸ ಸಾಲುಗಳನ್ನು ತುಂಬುತ್ತದೆ. ಸ್ಲೇಟು ಒರೆಸಿ ಬರೆದ ಹಾಗೆ. ಒರೆಸಿದ ಮೇಲೆ, ಬರೆಯುವ ಮುಂಚೆ ಕರೆಂಟು ಹೋದರೆ? ಖಾಲಿ ಸ್ಲೇಟು. ಅರ್ಧ ಬರೆದಾಗ ಹೋದರೆ ಅರ್ಧ ಸ್ಲೇಟು. ಸರಿಯಾದ ಕ್ರಮ ಎಂದರೆ ಹೊಸದನ್ನು ಬೇರೆ ಫೈಲಿನಲ್ಲಿ ಪೂರ್ತಿ ಬರೆದು, ಡಿಸ್ಕಿಗೆ ಇಳಿದಿದೆ ಎಂದು ಖಾತ್ರಿ ಮಾಡಿಕೊಂಡು, ಆಮೇಲೆ ಹಳೆಯದರ ಹೆಸರನ್ನು ಇದಕ್ಕೆ ಕೊಡುವುದು.

ಇದು ಬರೀ ನಮ್ಮ ಬಡತನದ ಸಮಸ್ಯೆ ಅಂತ ತಿಳಿಯಬೇಡಿ. 2009ರಲ್ಲಿ ಲಿನಕ್ಸ್ ಲೋಕದಲ್ಲಿ ಇದೇ ವಿಚಾರಕ್ಕೆ ದೊಡ್ಡ ಜಗಳವೇ ಆಯಿತು. ಎಕ್ಸ್ಟ್4 ಎಂಬ ಹೊಸ ಫೈಲ್ ಸಿಸ್ಟಮ್ ವೇಗಕ್ಕಾಗಿ ಡಿಸ್ಕಿಗೆ ಬರೆಯುವುದನ್ನು ಹಿಂದಿನದಕ್ಕಿಂತ ಹೆಚ್ಚು ಹೊತ್ತು ಮುಂದೂಡುತ್ತಿತ್ತು. ಆ ಹೊತ್ತಿನಲ್ಲಿ ಯಂತ್ರ ನಿಂತುಹೋದರೆ ಸೆಟ್ಟಿಂಗ್ಸ್ ಫೈಲುಗಳು ಸೊನ್ನೆ ಬೈಟಿನವಾಗಿ ಉಳಿಯುತ್ತಿದ್ದವು. ಅದನ್ನು ನೋಡಿಕೊಳ್ಳುತ್ತಿದ್ದ ಟೆಡ್ ಸೋ, ಖಾತ್ರಿ ಮಾಡಿಕೊಳ್ಳಬೇಕಾದದ್ದು ಪ್ರೋಗ್ರಾಮು ಬರೆಯುವವರ ಹೊಣೆ ಎಂದು ವಾದಿಸಿದರು. ಬಳಕೆದಾರರು ನಮ್ಮ ಫೈಲು ಹೋಯಿತಲ್ಲ ಸ್ವಾಮಿ ಎಂದರು. ಕೊನೆಗೆ ಅವರೇ ಈ ಎರಡು ಸಂದರ್ಭಗಳನ್ನು ಗುರುತಿಸಿ ಬೇಗ ಬರೆಯುವ ತಿದ್ದುಪಡಿ ಸೇರಿಸಿದರು. ನ್ಯಾಯ ಯಾರ ಕಡೆ ಇದ್ದರೂ ಹೋದದ್ದು ಬಳಕೆದಾರನದ್ದು, ಅಷ್ಟು ಮಾತ್ರ ಖರೆ.

ಅಲ್ಲಿಂದೀಚೆಗೆ ಈ ಫೈಲು ನಮ್ಮ ಕೈಯಿಂದ ದೂರ ದೂರ ಸರಿಯುತ್ತಾ ಬಂದಿದೆ. 2007ರಲ್ಲಿ ಮನೆಗಳಿಗೆ ಬಂದ ವಿಂಡೋಸ್ ವಿಸ್ಟಾ, ಪ್ರೋಗ್ರಾಮುಗಳ ಫೋಲ್ಡರಿನಲ್ಲಿ ಆಟಗಳು ಬರೆಯುವುದನ್ನು ತಡೆಯಿತು. ಸುರಕ್ಷತೆಗೆ ಅದು ಸರಿಯೇ. ಆದರೆ ಹಳೆಯ ಆಟಗಳು ಕೆಟ್ಟು ನಿಲ್ಲಬಾರದೆಂದು ಅವು ಬರೆದದ್ದನ್ನು ಗುಟ್ಟಾಗಿ 'ವರ್ಚುವಲ್ ಸ್ಟೋರ್' ಎಂಬ ಇನ್ನೊಂದು ಮೂಲೆಗೆ ಕಳಿಸಿತು. ಜನ ಆಟದ ಫೋಲ್ಡರಿನಲ್ಲಿ ಫೈಲು ಅಳಿಸುತ್ತಾರೆ, ಆಟ ಮಾತ್ರ ಮೂಲೆಯಲ್ಲಿದ್ದ ಪ್ರತಿಯನ್ನು ಓದುತ್ತಲೇ ಇರುತ್ತದೆ. 2008ರಲ್ಲಿ ಸ್ಟೀಮ್ ಕ್ಲೌಡ್ ಬಂತು. ಸೆಟ್ಟಿಂಗ್ಸ್ ದೂರದ ಸರ್ವರಿನಲ್ಲಿ, ನೀವು ಯಾವ ಯಂತ್ರದಲ್ಲಿ ಕೂತರೂ ಸಿಗುತ್ತವೆ. ಒಳ್ಳೆಯದೇ. ಆದರೆ ಇಲ್ಲಿ ಅಳಿಸಿದ ಫೈಲನ್ನು ಅದು ಅಲ್ಲಿಂದ ಮತ್ತೆ ತಂದಿಡುವುದುಂಟು. ಮೊದಲು ಕ್ಲೌಡ್ ನಿಲ್ಲಿಸಿ ಆಮೇಲೆ ಅಳಿಸಬೇಕು ಎಂಬುದು ಮನೆಮದ್ದಿಗೆ ಸೇರಿದ ಹೊಸ ಪಥ್ಯ.

ಈ ಇತಿಹಾಸವೆಲ್ಲ ಯಾಕೆ ಬೇಕು ಅಂದರೆ, ಒಂದು ಉದಾಹರಣೆ ಹೇಳುತ್ತೇನೆ. 2012ರಲ್ಲಿ ನಮ್ಮ ಬಿಲ್ಡಿಂಗಿನ ಒಬ್ಬ ಹುಡುಗ ಮುಖ ಸಪ್ಪೆ ಮಾಡಿಕೊಂಡು ಬಂದ. ಸ್ಕೈರಿಮ್ ಎಂಬ ಆಟ ಕುಂಟುತ್ತಿದೆ. ಅಂಗಡಿಯವನು ನೋಡಿ "ಕಾರ್ಡು ಸಾಲದು, ಹೊಸದು ಹಾಕಿಸಿ" ಅಂದಿದ್ದಾನೆ. ಅವನ ತಂದೆ ನನ್ನ ಹತ್ತಿರ, "ರಾಯರೇ, ಹೋದ ತಿಂಗಳು ಸರಿ ಇತ್ತಲ್ಲ, ಕಾರ್ಡು ಒಂದು ತಿಂಗಳಲ್ಲಿ ಮುದಿಯಾಗುತ್ತದೆಯೇ?" ಅಂತ ಕೇಳಿದರು. ಸರಿಯಾದ ಪ್ರಶ್ನೆ. ಹುಡುಗನನ್ನು ಕೂರಿಸಿ ಕೇಳಿದೆ, ಹೋದ ತಿಂಗಳಿನಿಂದ ಏನು ಬದಲಾಯಿತು? ಪುಣೆಯ ಅಣ್ಣನ ಮನೆಗೆ ಹೋಗಿದ್ದನಂತೆ. ಅಣ್ಣ ತುಂಬ ಮುಂದೆ ಹೋಗಿದ್ದ ಆಟ ಬೇಕು ಅಂತ ಆಟದ ಪೂರ್ತಿ ಫೋಲ್ಡರನ್ನೇ ಪೆನ್ ಡ್ರೈವಿನಲ್ಲಿ ತಂದು ತನ್ನದರ ಮೇಲೆ ಹಾಕಿಕೊಂಡಿದ್ದ. ಉಳಿಸಿದ ಆಟದ ಜೊತೆ ಅಣ್ಣನ ಸೆಟ್ಟಿಂಗ್ಸ್ ಫೈಲುಗಳೂ ಬಂದಿದ್ದವು. ಅಣ್ಣನ ಯಂತ್ರ ಆನೆ, ಇವನದು ಕರು.

"ಅಳಿಸಿಬಿಡಲಾ ಅಂಕಲ್?" ಅಂದ. "ಅಳಿಸಬೇಡ ಮಾರಾಯ, ಹೆಸರಿನ ಮುಂದೆ 'ಹಳೆ' ಅಂತ ಸೇರಿಸಿ ಇಡು" ಅಂದೆ. ಸ್ಕೈರಿಮ್‌ಗೆ ಎರಡು ಇನಿ ಫೈಲು, ಎರಡರ ಹೆಸರೂ ಬದಲಿಸಿದ. ಆಟ ಹೊಸದಾಗಿ ಬರೆದುಕೊಂಡಿತು. ಹೊಸ ಆಟ ಶುರು ಮಾಡಿದರೆ ಬೆಣ್ಣೆಯಲ್ಲಿ ಕೂದಲು ತೆಗೆದ ಹಾಗೆ ಓಡಿತು. ಆದರೆ ಅಣ್ಣನ ಉಳಿಸಿದ ಆಟ ತೆರೆದರೆ ಧಪ್ಪನೆ ಬಿದ್ದುಹೋಯಿತು.

ಆಗ ವಿಂಡೋಸಿನಲ್ಲಿ ಡಾಸ್ ಕಾಲದಿಂದ ಉಳಿದುಕೊಂಡಿರುವ 'ಎಫ್‌ಸಿ' ಎಂಬ ಆಜ್ಞೆ ನೆರವಿಗೆ ಬಂತು. ಎರಡು ಫೈಲುಗಳನ್ನು ಎದುರುಬದುರು ಇಟ್ಟು ವ್ಯತ್ಯಾಸ ತೋರಿಸುವುದು ಅದರ ಕೆಲಸ. ನೆರಳಿನ ಚಿತ್ರದ ಅಳತೆ ಹಳೆಯ ಫೈಲಿನಲ್ಲಿ 4096, ಹೊಸದರಲ್ಲಿ 1024. ಉದ್ದದಲ್ಲೂ ಅಗಲದಲ್ಲೂ ನಾಲ್ಕು ಪಟ್ಟು ಅಂದರೆ ಒಟ್ಟು ಹದಿನಾರು ಪಟ್ಟು ಕೆಲಸ. ಕುಂಟಿಗೆ ಕಾರಣ ಸಿಕ್ಕಿತು. ಇನ್ನೊಂದು ಫೈಲಿನಲ್ಲಿ 'ಯುಗ್ರಿಡ್ಸ್‌ಟುಲೋಡ್' ಎಂಬ ಸಾಲು. ಆಟಗಾರನ ಸುತ್ತ ಎಷ್ಟು ಚೌಕ ನೆಲವನ್ನು ಒಟ್ಟಿಗೆ ಜೀವಂತ ಇಡಬೇಕು ಎಂಬ ಲೆಕ್ಕ ಅದು. ಮೂಲ ಬೆಲೆ 5, ಅಂದರೆ ಐದೈದಲೆ 25 ಚೌಕ. ಅಣ್ಣ ಅದನ್ನು 7 ಮಾಡಿದ್ದ, ಏಳೇಳಲೆ 49. ಹಾಗೆ 49 ಚೌಕದ ಲೋಕದಲ್ಲಿ ಉಳಿಸಿದ ಆಟವನ್ನು 25 ಚೌಕದ ಲೋಕದಲ್ಲಿ ತೆರೆಯಲು ಹೋದರೆ ಆಟ ಕುಸಿಯುತ್ತದೆ. ಆ ಸಾಲನ್ನೂ, ಜೊತೆಯಲ್ಲಿ 36ರಿಂದ 64ಕ್ಕೆ ಏರಿಸಿದ್ದ ಬಫರಿನ ಸಾಲನ್ನೂ ಹೊಸ ಫೈಲಿಗೆ ಸೇರಿಸಿದೆವು, ನೆರಳು ಮಾತ್ರ ಹೊಸ ಬೆಲೆಯಲ್ಲೇ ಉಳಿಯಿತು. ಅಣ್ಣನ ಆಟವೂ ತೆರೆಯಿತು, ಕುಂಟೂ ನಿಂತಿತು. ಆರು ಸಾವಿರ ಉಳಿಯಿತು. ಹಳೆಯ ಫೈಲನ್ನು ಅಳಿಸಿದ್ದರೆ ಆ ಎರಡು ಸಾಲು ಎಲ್ಲಿಂದ ತರುವುದಿತ್ತು?

ಹಾಗಂತ ಎಲ್ಲ ರೋಗಕ್ಕೂ ಈ ಫೈಲೇ ಕಾರಣ ಅಲ್ಲ. ಕ್ಯಾಬಿನೆಟ್ಟಿನ ಫ್ಯಾನಿನಲ್ಲಿ ಧೂಳು ತುಂಬಿ ಚಿಪ್ಪು ಕಾದರೂ ಆಟ ಕುಂಟುತ್ತದೆ. ಡ್ರೈವರ್ ಹಳತಾದರೆ, ಡಿಸ್ಕು ತುಂಬಿದರೆ, ಹಿಂದೆ ಯಾವುದೋ ಪ್ರೋಗ್ರಾಮು ಓಡುತ್ತಿದ್ದರೆ ಕೂಡ ಹಾಗೆಯೇ. ಒಂದು ಗುರುತು ಹೇಳಬಹುದು. ಶುರುವಿನಲ್ಲಿ ಚೆನ್ನಾಗಿದ್ದು ಅರ್ಧ ಗಂಟೆ ಆದ ಮೇಲೆ ಕುಂಟಿದರೆ ಮೊದಲು ಬಿಸಿಯನ್ನು ಅನುಮಾನಿಸಿ. ಎಲ್ಲ ಆಟಗಳೂ ಕುಂಟಿದರೆ ಯಂತ್ರವನ್ನು ಅನುಮಾನಿಸಿ. ಒಂದೇ ಆಟ, ಅದೂ ಮೊದಲ ನಿಮಿಷದಿಂದಲೇ, ಏನನ್ನೋ ಬದಲಿಸಿದ ಮೇಲೆ ಕುಂಟಿದರೆ ಸೆಟ್ಟಿಂಗ್ಸ್ ಫೈಲನ್ನು ಅನುಮಾನಿಸಿ. ಹೊಸ ಮಾನಿಟರ್, ಹೊಸ ಕಾರ್ಡು, ಆಟದ ಹೊಸ ಆವೃತ್ತಿ, ಬೇರೆಯವರಿಂದ ತಂದ ಫೋಲ್ಡರ್, ಆಟದ ಮಧ್ಯೆ ಹೋದ ಕರೆಂಟು, ಇವು ಅಲ್ಲಿ ಸಾಮಾನ್ಯ ಕಾರಣಗಳು.

ಮದ್ದು ಮಾಡುವ ಕ್ರಮವನ್ನೂ ಇತಿಹಾಸವೇ ಹೇಳಿಕೊಟ್ಟಿದೆ. ಆಟ ಪೂರ್ತಿ ಮುಚ್ಚಿ, ಇಲ್ಲದಿದ್ದರೆ ಹೊರಬರುವಾಗ ಅದು ಹಳೆಯದನ್ನೇ ಮತ್ತೆ ಬರೆಯುತ್ತದೆ. ಕ್ಲೌಡ್ ಇದ್ದರೆ ನಿಲ್ಲಿಸಿ. ಉಳಿಸಿದ ಆಟ ಯಾವುದು, ಸೆಟ್ಟಿಂಗ್ಸ್ ಯಾವುದು ಅಂತ ನೋಡಿಕೊಳ್ಳಿ, ಎರಡೂ ಒಂದೇ ಫೋಲ್ಡರಿನಲ್ಲಿ ಇರುವುದುಂಟು. ಫೈಲಿನ ಹೆಸರು ಬದಲಿಸಿ, ಅಳಿಸಬೇಡಿ. ಆಟ ಶುರು ಮಾಡಿ, ಸರಿಹೋದರೆ ಹಳೆಯದನ್ನೂ ಹೊಸದನ್ನೂ ಹೋಲಿಸಿ ನಿಮಗೆ ಬೇಕಾದ ಸಾಲುಗಳನ್ನು ಒಂದೊಂದಾಗಿ ವಾಪಸು ಹಾಕಿ. ಯಾವ ಸಾಲು ಹಾಕಿದಾಗ ಕುಂಟು ಮರಳುತ್ತದೋ ಅದೇ ಕಳ್ಳ. ಡಾಸ್ 6ರ ಎಫ್8 ಕೀಲಿ ಒಂದೊಂದು ಸಾಲಿಗೂ "ಮಾಡಲೇ?" ಅಂತ ಕೇಳುತ್ತಿತ್ತಲ್ಲ, ಅದೇ ಕೆಲಸವನ್ನು ಈಗ ನಾವು ಕೈಯಾರೆ ಮಾಡಬೇಕು.

ಡೂಮಿನವರು ಮೂಲ ಬೆಲೆಗಳನ್ನು ಕೋಡಿನೊಳಗೆ ಇಟ್ಟದ್ದರಿಂದ ನಮಗೆ ಯಾವತ್ತೂ ಹಿಂದಿರುಗುವ ದಾರಿ ಉಳಿಯಿತು. ಕ್ವೇಕಿನವರು ಆಟಗಾರನ ಫೈಲನ್ನು ಬೇರೆ ಇಟ್ಟದ್ದರಿಂದ ಹಿಂದಿರುಗಿದಾಗಲೂ ನಮ್ಮದು ನಮಗೆ ಉಳಿಯಿತು. ಈ ಎರಡನೆಯದನ್ನು ಈಚಿನ ಎಷ್ಟೋ ಆಟಗಳು ಮರೆತಿವೆ. 'ರೀಸೆಟ್' ಅಂತ ಒಂದೇ ಗುಂಡಿ ಕೊಟ್ಟು, ಹಿಂದಿನದನ್ನು ಎಲ್ಲೂ ಉಳಿಸದೆ ಒರೆಸಿಹಾಕುತ್ತವೆ. ಅಂಥ ಗುಂಡಿ ಒತ್ತುವ ಮುಂಚೆ ಫೈಲಿನ ಒಂದು ಪ್ರತಿ ಪಕ್ಕಕ್ಕಿಡಿ. ಕೆಲವೇ ಕೆಬಿಯ ಮಾತು, 640ರ ಕಾಲದವರಿಗೂ ಅಷ್ಟು ಜಾಗ ಸಿಕ್ಕುತ್ತಿತ್ತು.